ಏರಿ ಬೆವರಿದ ದಿನ

ಏರಿ ಬೆವರುತ್ತಿರುವುದನ್ನು ಮೊದಲು ಕಂಡವನು ಮನೆಯ ಅಳಿಯ.

ಬಿಟ್ಟೂ ಬಿಡದೆ ಸುರಿದ ಮಳೆ ಆ ಬೆಳಗ್ಗೆಯಷ್ಟೇ ಹೊಳವಾಗಿತ್ತು. ಮೊಣಕಾಲುದ್ದದ ರಬ್ಬರ್ ಬೂಟು ಮೆಟ್ಟಿಕೊಂಡು ಅವನು ಕೊಟ್ಟಿಗೆಗಳ ಹಿಂದಿನ ಸಗಣಿ ಹೊಂಡವನ್ನು ಒಂದು ಸುತ್ತು ಹಾಕುತ್ತಿದ್ದ. ಹೊಂಡ ಅನ್ನುವುದು ಬಾಯಿಮಾತಿಗೆ. ಹೊಸಬರು ನೋಡಿದರೆ ಕೆರೆ ಎಂದೇ ಅಂದುಕೊಳ್ಳಬೇಕು. ಮುನ್ನೂರು ಹಸುಗಳ ಸಗಣಿ, ಗಂಜಲ, ಕೊಟ್ಟಿಗೆ ತೊಳೆದ ನೀರು ಎಲ್ಲ ಬಂದು ಬೀಳುವುದು ಅಲ್ಲಿಗೇ. ಮೂರು ಕಡೆ ನೆಲವೇ ದಿಣ್ಣೆ, ನಾಲ್ಕನೆಯ ಕಡೆ ಮಣ್ಣಿನ ಏರಿ. ಕಾದಾರಿದ ಹಾಲಿನ ಮೇಲೆ ಕೆನೆ ಕಟ್ಟುವಂತೆ ಮೇಲೊಂದು ದಪ್ಪ ಪದರ ಕಟ್ಟಿ, ಅಲ್ಲಲ್ಲಿ ಗುಳ್ಳೆಗಳು ನಿಧಾನಕ್ಕೆ ಉಬ್ಬಿ ಒಡೆಯುತ್ತಿದ್ದವು. ಮಾಮೂಲಿ ದಿನಗಳಲ್ಲಿ ಅದನ್ನು ಟ್ಯಾಂಕರಿಗೆ ತುಂಬಿ ಹೊಲಗಳಿಗೆ ಹೊಡೆಯುತ್ತಿದ್ದರು. ಆದರೆ ನೆನೆದು ರಾಡಿಯಾದ ನೆಲ ಇನ್ನೇನು ಕುಡಿದೀತು? ಹೊಲಕ್ಕೆ ಟ್ರ್ಯಾಕ್ಟರ್ ಇಳಿಸಿ ತಿಂಗಳಾಗುತ್ತ ಬಂದಿತ್ತು. ಹೊಂಡ ಕಂಠಮಟ್ಟ ತುಂಬಿ ಕೂತಿತ್ತು.

ಏರಿಯ ಹೊರಮೈಯಲ್ಲಿ, ಹಳ್ಳದ ಕಡೆಯ ಮೂಲೆಯಲ್ಲಿ, ಒಂದು ಚಾಪೆಯಗಲ ಹುಲ್ಲು ಕಪ್ಪಾಗಿತ್ತು. ಅವನು ಬಗ್ಗಿ ಅಂಗೈ ಊರಿದ. ಮಣ್ಣು ಮೆತ್ತಗೆ ಒಳಗೆ ಹೋಯಿತು. ಬೆರಳ ಸಂದಿಯಿಂದ ಕಂದು ನೀರು ಜಿನುಗಿತು. ಮೂಸಿ ನೋಡಿದ. ಮಳೆಯ ನೀರಲ್ಲ. ಹೊಂಡದ್ದೇ. ಅತ್ತೆಗೆ ಹೇಳಲು ಹೊರಟ.

ಡೈರಿ ಅತ್ತೆಯದು. ಗಂಡ ಸತ್ತ ವರ್ಷ ಎರಡು ಹಸು ಕಟ್ಟಿಕೊಂಡು ಶುರು ಮಾಡಿದವಳು; ಈಗ ಸುತ್ತಲಿನವರಿಗೆಲ್ಲ ಆಕೆ ‘ಡೈರಿಯಮ್ಮ’. ಕೈ ಕೆಸರಾದರೆ ಬಾಯಿ ಮೊಸರು ಅನ್ನುವ ಗಾದೆ ಹುಟ್ಟಿದ್ದೇ ಆಕೆಯ ಹಿತ್ತಲಲ್ಲಿ ಎಂದು ಜನ ತಮಾಷೆ ಮಾಡುತ್ತಿದ್ದರು. ಇದ್ದವಳು ಒಬ್ಬಳೇ ಮಗಳು. ಅವಳನ್ನು ಮದುವೆಯಾಗುವವನು ಮನೆಗೇ ಬಂದಿರಬೇಕೆಂದು ಮೊದಲೇ ಮಾತಾಗಿತ್ತು. ಟ್ರ್ಯಾಕ್ಟರ್ ರಿಪೇರಿ ಮಾಡಿಕೊಂಡಿದ್ದ ಇವನು ಹಾಗೆ ಬಂದು ಸೇರಿದ. ಹಾಲು ಕರೆಯುವವರು ಬೆನ್ನ ಹಿಂದೆ "ಅಳಿಯ ಅಲ್ಲಪ್ಪ, ಮಗಳ ಗಂಡ" ಎಂದು ಕಿಸಕ್ಕೆನ್ನುತ್ತಿದ್ದರು. ಅತ್ತೆ ಮಾತ್ರ ಮರ್ಯಾದೆಗೆ ಎಳ್ಳಷ್ಟೂ ಕಮ್ಮಿ ಮಾಡಿದವಳಲ್ಲ. "ಅಳಿಯಂದ್ರೇ, ಬನ್ನಿ", "ಅಳಿಯಂದ್ರೇ, ಹೀಗೆ ಮಾಡಿ". ಆ ಬಹುವಚನದ ಭಾರಕ್ಕೆ ಇವನ ಬಾಯಿ ಮೇಲೇಳುತ್ತಲೇ ಇರಲಿಲ್ಲ.

ಅವನು ಹೋದಾಗ ಅತ್ತೆ ಹಾಲಿನ ಕೋಣೆಯಲ್ಲಿದ್ದಳು. ಹಾಲು ತಂಪು ಮಾಡುವ ಸ್ಟೀಲ್ ತೊಟ್ಟಿಯ ಮುಚ್ಚಳ ಎತ್ತಿ ಒಳಗೆ ಇಣುಕುತ್ತಿದ್ದಳು. ಮೂಲೆಯಲ್ಲಿ ಅವನ ಹೆಂಡತಿ ಕರುಗಳ ಬಕೆಟ್ಟುಗಳಿಗೆ ಹಾಲು ಬಗ್ಗಿಸುತ್ತಿದ್ದಳು. ಆರು ತಿಂಗಳ ಬಸುರಿ. ಬೇಡವೆಂದರೂ ಕರುಗಳ ಕೆಲಸ ಬಿಟ್ಟಿರಲಿಲ್ಲ.

"ಅತ್ತೆ, ಏರಿ ಒಸರ್ತಾ ಇದೆ. ಹಳ್ಳದ ಮೂಲೇಲಿ."

"ಎಷ್ಟು?"

"ಕೈ ಇಟ್ರೆ ಒಳಗೆ ಹೋಗತ್ತೆ. ಸಂಜೆ ತನಕ ನಿಂತ್ರೆ ಹೆಚ್ಚು."

"ಹಾಗಾದ್ರೆ ತೂಬು ತೆಗೀರಿ."

ಏರಿಯ ಬುಡದಲ್ಲಿ ಹಳ್ಳಕ್ಕೆ ಬಾಯಿ ಮಾಡಿಕೊಂಡ ಒಂದು ಹಳೆಯ ಕೊಳವೆ ಇತ್ತು, ಚಕ್ರ ತಿರುಗಿಸಿ ತೆರೆಯುವಂಥ ಗೇಟಿನದು. ಹಸುಗಳು ಹತ್ತಿಪ್ಪತ್ತು ಇದ್ದಾಗ ಕೊಟ್ಟಿಗೆ ತೊಳೆದ ನೀರು ಬಿಡಲು ಹಾಕಿಸಿದ್ದು. ಆಮೇಲೆ ಹಸುಗಳು ಬೆಳೆದವು, ಹೊಂಡ ಬೆಳೆಯಿತು, ಕೊಳವೆ ಹಾಗೇ ಉಳಿಯಿತು. ದೊಡ್ಡ ಮಳೆ ಬಂದಾಗ ಅದನ್ನು ಒಂದಿಷ್ಟು ತೆರೆಯುವುದು ಮನೆಯಲ್ಲಿ ಎಲ್ಲರಿಗೂ ಗೊತ್ತಿದ್ದ, ಯಾರೂ ಬಾಯಿಬಿಟ್ಟು ಆಡದ ಸಂಗತಿ. ಹಿಂದಿನ ವರ್ಷ ಹಳ್ಳದಲ್ಲಿ ಮೀನುಗಳು ಹೊಟ್ಟೆ ಮೇಲಾಗಿ ತೇಲಿದಾಗ ಜನ ಮೇಲ್ಗಡೆಯ ಬಣ್ಣದ ಕಾರ್ಖಾನೆಯನ್ನು ಬೈದರು. ಡೈರಿಯಮ್ಮನೂ ಜೊತೆಗೆ ಎರಡು ಮಾತು ಬೈದಿದ್ದಳು.

"ಆ ಹಳ್ಳ ಹೋಗಿ ಸೇರೋದು ಹೊಳೆಗೆ ಅತ್ತೆ. ಪಟ್ಟಣಕ್ಕೆ ನೀರೆತ್ತೋದು ಅದೇ ಹೊಳೇಲಿ."

"ಹೊಳೆ ಎರಡೂ ದಡ ತಬ್ಬಿಕೊಂಡು ಹರೀತಿದೆ. ಅದರ ಮುಂದೆ ನಮ್ಮದು ಯಾವ ಲೆಕ್ಕ? ಆನೆ ಹೊಟ್ಟೆಗೆ ಅರೆಕಾಸಿನ ಮಜ್ಜಿಗೆ."

"ಇವತ್ತು ಬಿಡೋದು ಅರೆಕಾಸಿಂದಲ್ಲ. ಏರಿ ಉಳೀಬೇಕು ಅಂದ್ರೆ ಅರ್ಧ ಹೊಂಡ ಬಿಡ್ಬೇಕು."

"ಬಿಡಿ. ತಾನಾಗೇ ಒಡೆದ್ರೆ ಇಡೀ ಹೊಂಡ ಹೋಗತ್ತಲ್ಲ, ಅದು ವಾಸೀನಾ?"

"ಅಕ್ಕನಿಗಾದ್ರೂ ಒಂದು ಮಾತು ಹೇಳ್ತೀನಿ. ನೀರೆತ್ತೋದು ನಿಲ್ಲಿಸ್ಕೊಳ್ಳಿ."

ಅವನ ಅಕ್ಕ ಪಟ್ಟಣದ ನೀರು ಶುದ್ಧೀಕರಣ ಘಟಕದಲ್ಲಿ ಕೆಲಸಕ್ಕಿದ್ದಳು. ತಾಯಿ ಇಲ್ಲದ ತಮ್ಮನನ್ನು ಸೊಂಟದ ಮೇಲೆ ಹೊತ್ತು ಬೆಳೆಸಿದವಳು.

ಅತ್ತೆ ಮುಚ್ಚಳ ಬಿಟ್ಟಳು. ಸ್ಟೀಲು ಠಣ್ಣೆಂದಿತು. "ನಿಮ್ಮಕ್ಕನಿಗೆ ಹೇಳೋದೂ ಒಂದೇ, ಸರ್ಕಾರಕ್ಕೆ ಹೇಳೋದೂ ಒಂದೇ. ನಾಳೆ ಬಂದು ಬೀಗ ಜಡೀತಾರೆ. ಮುನ್ನೂರು ಹಸು ಎಲ್ಲಿಗೆ ಹೊಡ್ಕೊಂಡು ಹೋಗ್ಲಿ ಅಳಿಯಂದ್ರೇ? ನಿಮ್ಮಕ್ಕನ ಮನೆ ಅಂಗಳಕ್ಕಾ?"

"ಇದೊಂದು ಸಲ ಅಮ್ಮ ಹೇಳಿದ ಹಾಗೆ ಮಾಡಿಬಿಡ್ರೀ," ಎಂದಳು ಹೆಂಡತಿ, ಅವನ ಮುಖ ನೋಡದೆ. "ಮಳೆ ಕಳೀಲಿ. ಆಮೇಲೆ ಏರಿ ಗಟ್ಟಿ ಮಾಡಿಸಿದ್ರಾಯ್ತು."

ಅವನು ಹೊರಬಿದ್ದ.

ಏರಿಯ ಬುಡಕ್ಕೆ ಬಂದಾಗ ಕಪ್ಪು ಕಲೆ ಚಾಪೆಯಿಂದ ಬಾಗಿಲಿನಷ್ಟಾಗಿತ್ತು. ಅವನು ತೂಬಿನ ಚಕ್ರಕ್ಕೆ ಎರಡೂ ಕೈ ಹಾಕಿ ತಿರುಗಿಸಿದ. ತುಕ್ಕು ಕಿರುಗುಟ್ಟಿತು. ಕೊಳವೆಯ ಬಾಯಿ ಒಮ್ಮೆ ಕೆಮ್ಮಿ, ತೋಳಿನ ಗಾತ್ರದ ಕಪ್ಪು ಧಾರೆ ಹಳ್ಳಕ್ಕೆ ಹಾರಿತು. ಕೆಮ್ಮಣ್ಣಿನ ನೀರಿನಲ್ಲಿ ಅದು ಬೆರೆಯಲಿಲ್ಲ. ಬೇರೆಯಾಗಿಯೇ ಒಂದು ಗೆರೆ ಎಳೆದುಕೊಂಡು ಕೆಳಕ್ಕೆ ಹೊರಟಿತು. ಅವನು ಆ ಗೆರೆಯ ತುದಿ ತಿರುವಿನಲ್ಲಿ ಮರೆಯಾಗುವುದನ್ನು ನೋಡಿದ. ಅದು ಎಲ್ಲಿಗೆ ಹೋಗುತ್ತದೆಂದು ತಿಳಿಯದವನಾಗಿದ್ದರೆ ತಿರುಗಿಸುತ್ತಲೇ ಇರುತ್ತಿದ್ದನೇನೋ. ತಿಳಿದಿತ್ತು. ಕೈಯ ಮೇಲೆ ಬೊಬ್ಬೆ ಏಳುವಷ್ಟು ಬಿಗಿಯಾಗಿ ಚಕ್ರವನ್ನು ಮತ್ತೆ ಮುಚ್ಚಿದ. ಪ್ಯಾಂಟಿಗೆ ಕೈ ಒರೆಸಿಕೊಂಡು ಫೋನ್ ತೆಗೆದ.

ಅಕ್ಕ ಎಲ್ಲವನ್ನೂ ಕೇಳಿಸಿಕೊಂಡಳು. ಆಮೇಲೆ ಕೇಳಿದಳು: "ಈಗ ನೀನು ಹೇಳಿದ್ದು ನನ್ನ ತಮ್ಮನಾಗೋ, ಡೈರಿಯವನಾಗೋ?"

"ಎರಡೂ ಅಂದ್ಕೋ."

"ಎರಡೂ ಆಗಲ್ಲ ಕಣೋ. ಒಂದ್ಸಲ ನನ್ನ ಕಿವಿಗೆ ಬಿದ್ದ ಮೇಲೆ ನಾನು ಮೇಲಿನವರಿಗೆ ಹೇಳಲೇಬೇಕು."

"ಗೊತ್ತು. ಹೇಳು."

ಅವಳ ಉಸಿರು ಕೇಳಿಸಿತು. "ಈಗಲೇ ನಿಲ್ಲಿಸಕ್ಕಾಗಲ್ಲ. ಮಳೆ ನೀರಿನ ಮಣ್ಣಿಗೆ ಫಿಲ್ಟರ್ ಕಟ್ಟಿಕೊಂಡು ಟ್ಯಾಂಕುಗಳೆಲ್ಲ ಅರ್ಧಕ್ಕಿಳಿದಿವೆ. ಆಸ್ಪತ್ರೆಗೆ ಹೋಗೋದೂ ಇಲ್ಲಿಂದಲೇ. ಅಲ್ಲಿ ನೀರು ನಿಂತ್ರೆ ಕಿಡ್ನಿ ಮಿಷನ್ನುಗಳು ನಿಲ್ತವೆ. ನಮ್ಮ ಟ್ಯಾಂಕು ತುಂಬೋ ತನಕ ನಿನ್ನ ಹೊಂಡ ನನ್ನ ಹೊಳೆಗೆ ಬರ್ಬಾರ್ದು. ಸಂಜೆ ತನಕ ಹೇಗಾದ್ರೂ ಹಿಡ್ಕೋ."

"ಹೇಗೆ ಹಿಡೀಲಿ ಅಕ್ಕಾ?"

"ಅದು ನಂಗೆ ಗೊತ್ತಿಲ್ಲ ಮಗಾ," ಎಂದು ಅವಳು ಫೋನ್ ಇಟ್ಟಳು.

ಹಿಡಿಯಲು ಇದ್ದದ್ದು ಒಂದೇ ದಾರಿ. ಹೊಂಡದ ಎಡಗಡೆಯ ದಿಣ್ಣೆಯಾಚೆ ಮೇವಿನ ಹೊಲ, ಹೊಂಡಕ್ಕಿಂತ ತಗ್ಗಿನಲ್ಲಿ ತಟ್ಟೆಯಂತೆ ಹರಡಿಕೊಂಡಿತ್ತು. ಅದರ ತುಂಬ ಮೇವಿನ ಜೋಳ ಆಳೆತ್ತರ ಬೆಳೆದು ತೆನೆಗಳು ಹಾಲುಗಾಳು ಹಿಡಿದಿದ್ದವು. ಇನ್ನು ಸ್ವಲ್ಪ ದಿನಕ್ಕೆ ಕೊಯ್ದು, ಕೊಚ್ಚಿ, ಪ್ಲಾಸ್ಟಿಕ್ಕಿನಡಿ ಒತ್ತಿ ರಸಮೇವು ಮಾಡಬೇಕು. ಮಂದೆಗೆಲ್ಲ ವರ್ಷವಿಡೀ ಅದೇ ಗತಿ. ದಿಣ್ಣೆ ಸೀಳಿದರೆ ಹೊಂಡ ಹೊಲಕ್ಕಿಳಿಯುತ್ತದೆ, ಏರಿಯ ಭಾರ ಇಳಿಯುತ್ತದೆ. ಮೇವು ಮಾತ್ರ ಇರುವುದಿಲ್ಲ.

ಅವನು ಡೈರಿಯ ಜೆಸಿಬಿ ಹತ್ತಿದ. ಅದರ ಸದ್ದಿಗೆ ಕೊಟ್ಟಿಗೆಯಿಂದ ಹಾಲು ಕರೆಯುವವರ ಮೇಸ್ತ್ರಿ ಓಡಿ ಬಂದ. ಎದೆ ತನಕ ಇಳಿದ ಗಡ್ಡಕ್ಕೆ ಎಲ್ಲರೂ ಅವನನ್ನು ಗಡ್ಡ ಎಂದೇ ಕರೆಯುತ್ತಿದ್ದರು. ಅವನ ಹಿಂದೆಯೇ ಅತ್ತೆ. ಸೀರೆಯ ನೆರಿಗೆ ಎತ್ತಿ ಸೊಂಟಕ್ಕೆ ಸಿಕ್ಕಿಸಿಕೊಂಡು, ದಿಣ್ಣೆ ದಾಟಿ ಇಳಿದು ಜೋಳದ ಮೊದಲ ಸಾಲಿನೊಳಗೆ ನಿಂತಳು.

"ಇಳೀರಿ ಕೆಳಗೆ."

"ಅತ್ತೆ, ಅಕ್ಕನಿಗೆ ಹೇಳಾಯ್ತು."

ಎಂಜಿನ್ ಗುರುಗುಟ್ಟುತ್ತಿತ್ತು. ಅತ್ತೆಯ ಮುಖದಲ್ಲಿ ಕೋಪಕ್ಕಿಂತ ಮೊದಲು ಬೇರೇನೋ ಹಾದುಹೋಯಿತು, ಮನೆಯೊಳಗೆ ಯಾರೋ ಅಪರಿಚಿತನನ್ನು ಕಂಡಂತೆ.

"ಹೇಳಾಯ್ತಾ? ನಾನು ಒಂದೊಂದೇ ಕರು ಎತ್ತಿ ಕಟ್ಟಿದ್ದನ್ನ ಒಂದು ಫೋನಲ್ಲಿ ಮುಗಿಸಿಬಿಟ್ರಿ. ಈಗ ಮೇವೂ ಮುಳುಗಿಸ್ತೀರಾ? ಹಸು ಏನು ತಿನ್ಬೇಕು? ನಿಮ್ಮ ನಿಯತ್ತು ತಿನ್ಬೇಕಾ?"

"ಪಟ್ಟಣದವರ ಕುಡಿಯೋ ನೀರು ಅತ್ತೆ ಅದು."

"ಪಟ್ಟಣದವರಿಗೆ ಬೆಳಗಾದ್ರೆ ಹಾಲು ಬೇಕು. ಬೆಣ್ಣೆ ಬೇಕು. ಸಗಣಿ ಮಾತ್ರ ನಮ್ಮದು, ಅಲ್ವಾ?"

ಆ ಮಾತಿನಲ್ಲಿ ಸುಳ್ಳಿರಲಿಲ್ಲ. ಬೇರೆ ದಿನವಾಗಿದ್ದರೆ ಅವನು ಯಂತ್ರ ನಿಲ್ಲಿಸಿ ಇಳಿದುಬಿಡುತ್ತಿದ್ದ. ಅಷ್ಟರಲ್ಲಿ ಏರಿಯ ಕಡೆಯಿಂದ ಹೆಂಡತಿಯ ದನಿ ಬಂತು. ಏನಾಯಿತೆಂದು ನೋಡಲು ಅವಳು ಅಲ್ಲಿಗೆ ಹೋಗಿದ್ದಳು.

"ಬಿರುಕು ಬಿಟ್ಟಿದೆ! ಅಮ್ಮಾ, ಏರಿ ಮೇಲೆ ಉದ್ದಕ್ಕೆ ಬಿರುಕು ಬಿಟ್ಟಿದೆ!"

"ನೀನು ಅಲ್ಲಿಂದ ಈಚೆ ಬಾ!" ಎಂದು ಅವನು ಕೂಗಿದ.

ಅವಳು ಹೊಟ್ಟೆಗೆ ಕೈ ಆನಿಸಿಕೊಂಡು ದಿಣ್ಣೆಯ ಮೇಲೆ ಬಂದು ನಿಂತಳು. ಓಡಿ ಬಂದ ಏದುಸಿರು. ತಾಯಿಯನ್ನು ನೋಡಿದಳು, ಗಂಡನನ್ನು ನೋಡಿದಳು. "ಅಗೀರಿ," ಎಂದಳು.

"ಬಾಯಿ ಮುಚ್ಚೇ!" ಎಂದಳು ಅತ್ತೆ.

"ಅಗೀರಿ ಅಂದ್ನಲ್ಲ!"

ಅವನು ಅತ್ತೆಯಿಂದ ದೂರಕ್ಕೆ ಯಂತ್ರ ತಿರುಗಿಸಿ ದಿಣ್ಣೆಗೆ ಬಕೆಟ್ ಇಳಿಸಿದ. ಒದ್ದೆ ಮಣ್ಣು ಗೆಡ್ಡೆ ಗೆಡ್ಡೆಯಾಗಿ ಎದ್ದು ಬಂತು. ಅತ್ತೆ ಕದಲಲಿಲ್ಲ. ನಿಂತಲ್ಲೇ ನಿಂತು, ಅವನು ತೋಡುತ್ತಿದ್ದ ಕಾಲುವೆ ತನ್ನ ಹೊಲದ ಕಡೆ ಬರುವುದನ್ನೇ ನೋಡುತ್ತಿದ್ದಳು. ಕಡೆಯ ಗೋಡೆಯಷ್ಟು ಮಣ್ಣು ಉಳಿದಾಗ ಅವನು ಗಡ್ಡನಿಗೆ ಕೂಗಿ ಹೇಳಿದ: "ಅವರನ್ನ ಕರ್ಕೊಂಡು ಬಾ!" ಗಡ್ಡ ಎರಡು ಹೆಜ್ಜೆ ಹೋಗಿ ನಿಂತುಬಿಟ್ಟ. ಇಷ್ಟು ವರ್ಷ ಅನ್ನ ಹಾಕಿದವಳ ರಟ್ಟೆ ಹಿಡಿದು ಎಳೆಯಲು ಅವನ ಕೈ ಬರಲಿಲ್ಲ. ಅಷ್ಟರಲ್ಲಿ ಆ ಗೋಡೆ ಯಾರ ಅಪ್ಪಣೆಗೂ ಕಾಯದೆ ತಾನೇ ಕುಸಿಯಿತು.

ಹೊಂಡದ ಪದರ ಸೀಳಿತು. ಕಪ್ಪು ರಾಡಿ ಭುಸುಗುಟ್ಟುತ್ತ ಕಾಲುವೆಗೆ ನುಗ್ಗಿ, ಜೋಳದ ದಂಟುಗಳನ್ನು ಮಲಗಿಸಿಕೊಂಡು ಹೊಲಕ್ಕೆ ಹರಡಿತು. ಮಲಗಿದ ಹೊಂಡ ಬೇರೆ, ಕಲಕಿದ ಹೊಂಡ ಬೇರೆ. ಕಲಕಿದಾಗ ಅದರ ಹೊಟ್ಟೆಯೊಳಗಿನ ವಿಷಗಾಳಿ ಒಮ್ಮೆಗೇ ಮೇಲೇಳುತ್ತದೆ. ಕೊಳೆತ ಮೊಟ್ಟೆಯ ನಾತ ಅವನ ಮೂಗಿಗೆ ಗುದ್ದಿತು. ಮರುಕ್ಷಣ ಆ ನಾತ ಇರಲೇ ಇಲ್ಲ. ನಾತ ಬಂದರೆ ಬದುಕಿದ್ದೀ ಎಂದು ಅರ್ಥ, ನಿಂತರೆ ಓಡು: ಟ್ಯಾಂಕರ್ ತುಂಬುವವರೆಲ್ಲ ಮೊದಲ ದಿನ ಕಲಿಯುವ ಪಾಠ.

"ಗಾಳಿ ಬರೋ ಕಡೆಗೆ ಹೋಗಿ! ಎಲ್ರೂ!"

ಹೆಂಡತಿ ಹಿಂದೆ ಸರಿದಳು. ಅತ್ತೆ ನಿಂತದ್ದು ಗಾಳಿಯ ಇಳಿಮುಖದಲ್ಲಿ, ತಗ್ಗಿನಲ್ಲಿ. ರಾಡಿ ಆಕೆಯ ಪಾದ ಮುಚ್ಚಿ ಕಣಕಾಲಿಗೇರಿತ್ತು. ಒಂದು ಜೋಳದ ದಂಟು ಹಿಡಿದಳು; ದಂಟು ಬಗ್ಗಿತು; ಅದರ ಜೊತೆ ಆಕೆಯೂ ಮೆಲ್ಲಗೆ, ದಣಿದವರು ಕೂರುವಂತೆ, ಕೂತುಬಿಟ್ಟಳು.

"ಅಮ್ಮೋರೇ!" ಎಂದು ಗಡ್ಡ ಧುಮುಕಲು ಹೋದ.

"ಇಳೀಬೇಡ! ಇಳಿದ್ರೆ ನೀನೂ ಬೀಳ್ತೀಯ!"

ಹಾಗೆಂದವನಿಗೆ ತಾನೇ ಇಳಿಯದೆ ಬೇರೆ ದಾರಿಯಿರಲಿಲ್ಲ. ಯಂತ್ರ ಬಿಟ್ಟಿಳಿದು, ಗಾಳಿ ಬರುವ ಕಡೆಯಿಂದ ಸುತ್ತಿ ಬಂದು, ಎದೆ ತುಂಬ ಉಸಿರೆಳೆದು ಬಾಯಿ ಮುಚ್ಚಿಕೊಂಡು ಜಿಗಿದ. ಬೂಟಿನೊಳಗೆ ರಾಡಿ ತುಂಬಿತು. ಒಂದೊಂದು ಹೆಜ್ಜೆಯನ್ನೂ ನೆಲ ಹಿಡಿದೆಳೆಯುತ್ತಿತ್ತು. ಅತ್ತೆಯ ಕಂಕುಳಿಗೆ ಕೈ ಹಾಕಿ ಎತ್ತಿದಾಗ ಆಕೆ ಎಷ್ಟು ಹಗುರ ಎಂದು ಬೆರಗಾಯಿತು. ಎಳೆದ. ಕಿವಿಯೊಳಗೆ ತಮಟೆ ಬಾರಿಸಿದಂತೆ ಸದ್ದು, ಕಣ್ಣ ಮುಂದೆ ಮಿಂಚುಹುಳ. ಉಸಿರು ಬಿಡಬೇಡ, ಬಿಡಬೇಡ ಎಂದು ತನಗೆ ತಾನೇ ಹೇಳಿಕೊಳ್ಳುತ್ತ ಎಳೆದ. ದಿಣ್ಣೆಯ ಅಂಚಿನಲ್ಲಿ ಗಡ್ಡನ ಕೈಗಳು ಅವರಿಬ್ಬರನ್ನೂ ಹಿಡಿದು ಮೇಲಕ್ಕೆಳೆದವು.

ಅತ್ತೆ ಮಗ್ಗುಲಾಗಿ ವಾಂತಿ ಮಾಡಿಕೊಂಡಳು, ಕೆಮ್ಮಿದಳು, ಕಣ್ಣು ತೆರೆದಳು. ಮಗಳು ಬೆನ್ನು ನೀವುತ್ತ ಅಳುತ್ತಿದ್ದಳು. ಬಾಯಿ ಒರೆಸಿಕೊಂಡು ಆಕೆ ಅಂದ ಮೊದಲ ಮಾತು:

"ಕೆಳಗಿನ ಬದು... ನೀವು ಕಟ್ಟಿಲ್ಲ."

"ಏನತ್ತೆ?"

"ಹೊಲದ ಆ ತುದಿ ತಗ್ಗು. ಬದು ಮೊಣಕಾಲೆತ್ತರ ಇಲ್ಲ. ಅಲ್ಲಿ ತುಂಬಿ ಹಳ್ಳಕ್ಕೇ ಹೋಗತ್ತೆ. ಎಲ್ಲಾ ಮುಳುಗಿಸಿ ಕಡೆಗೂ ಹಳ್ಳಕ್ಕೇ ಬಿಟ್ರಿ ಅಂತಾಗತ್ತೆ." ಮತ್ತೆ ಕೆಮ್ಮಿದಳು. "ರಸಮೇವಿನ ಪ್ಲಾಸ್ಟಿಕ್ ತಗೊಂಡು ಹೋಗಿ. ಟೈರುಗಳನ್ನೂ. ಏನ್ ನೋಡ್ತಾ ಕೂತಿದೀರಿ?"

ಅವರು ಓಡಿದರು. ರಸಮೇವಿನ ಮೇಲೆ ಭಾರಕ್ಕಿಡುವ ಹಳೆಯ ಟೈರುಗಳನ್ನು ಟ್ರ್ಯಾಕ್ಟರಿನಲ್ಲಿ ಹೇರಿಕೊಂಡು, ಗಾಳಿ ಬರುವ ದಿಕ್ಕಿನಿಂದಲೇ ಕೆಳಗಿನ ತುದಿ ಸೇರಿದರು. ಬದುವಿನ ಮೇಲೆ ಪ್ಲಾಸ್ಟಿಕ್ ಹಾಸಿ, ಟೈರು ಜೋಡಿಸಿ, ಮಣ್ಣು ತುಂಬಿದರು. ಜೋಳದ ನಡುವೆ ಕಪ್ಪು ನೀರು ಸದ್ದಿಲ್ಲದೆ ಏರುತ್ತ ಬರುತ್ತಿತ್ತು. ಒಂದು ಕಡೆ ಕಟ್ಟಿದರೆ ಇನ್ನೊಂದು ಕಡೆ ನೆಕ್ಕುತ್ತಿತ್ತು. ಕೊಟ್ಟಿಗೆಯಲ್ಲಿ ಕರೆಯುವ ಹೊತ್ತು ಮೀರಿದ ಹಸುಗಳು ಕೆಚ್ಚಲ ಭಾರಕ್ಕೆ ಕೂಗತೊಡಗಿದವು, ಯಾರಿಗೂ ಹೋಗಲಾಗಲಿಲ್ಲ. ಒಂದು ಸಲ ಬದು ಎರಡು ಟೈರುಗಳ ನಡುವೆ ಬಾಯಿಬಿಟ್ಟಿತು. ಗಡ್ಡ ಆ ಸಂದಿಗೆ ಬೆನ್ನು ಕೊಟ್ಟು ಕೂತೇಬಿಟ್ಟ, ಇವನು ಮಣ್ಣು ತಂದು ಸುರಿಯುವವರೆಗೆ. ಅಷ್ಟರೊಳಗೆ ಹೋದದ್ದು ಹೋಯಿತು.

ಅಕ್ಕನ ಫೋನ್ ಬಂದಾಗ ಬಿಸಿಲು ಇಳಿಯುತ್ತಿತ್ತು. "ಟ್ಯಾಂಕು ತುಂಬಿದ್ವು. ನೀರೆತ್ತೋದು ನಿಲ್ಲಿಸಿದೀವಿ. ನೀನು ಹೇಗಿದೀಯ?"

ಅವನು ಬದುವಿನ ಮೇಲೆ ಕೂತು, ಫೋನನ್ನು ಕಿವಿಗೆ ಒತ್ತಿಕೊಂಡು ಸುಮ್ಮನೆ ಉಸಿರಾಡಿದ. ಅಕ್ಕನೂ ಫೋನ್ ಇಡದೆ ಆ ತುದಿಯಲ್ಲಿ ಕಾದಳು.

ಏರಿ ಒಡೆಯಲಿಲ್ಲ. ಆದರೆ ಸೋರಿದಷ್ಟಕ್ಕೇ ಹಳ್ಳ ಹೊಳೆ ಸೇರುವವರೆಗೆ ಮೀನೊಂದೂ ಉಳಿಯಲಿಲ್ಲ. ದಡದ ಕಲ್ಲುಗಳ ಮಧ್ಯೆ ಬೆಳ್ಳಗೆ ಹೊಟ್ಟೆ ತೋರಿಸಿಕೊಂಡು ಬಿದ್ದಿದ್ದವು. ಈ ಸಲ ಬಣ್ಣದ ಕಾರ್ಖಾನೆಯನ್ನು ಬೈಯಲು ಯಾರಿಗೂ ಆಸ್ಪದವಿರಲಿಲ್ಲ. ಅಧಿಕಾರಿಗಳು ಬಂದರು. ಹಳೆಯ ಕೊಳವೆಯ ಬಾಯಿಗೆ ಕಾಂಕ್ರೀಟ್ ತುಂಬಿಸಿದರು. ಹಳ್ಳದ ನೀರು, ಹೊಲದ ಮಣ್ಣು ತೆಗೆದುಕೊಂಡು ಹೋದರು. ಹೋಗುವಾಗ ಮನೆಯ ಬಾವಿಯದೂ ಒಂದು ಬಾಟಲಿ. ಅತ್ತೆ ಅವರಿಗೆ ಕಾಫಿ ಮಾಡಿಕೊಟ್ಟಳು. ಅಳಿಯನ ಜೊತೆ ಮಾತು ಬಿಟ್ಟಿದ್ದಳು. ಹಸುಗಳಿಗೆ ಕೊಳ್ಳುವ ಮೇವಿನ ಲಾರಿ ಬಂದಾಗಲೆಲ್ಲ ಅವನ ಕಡೆ ಒಂದು ನೋಟ, ಅಷ್ಟೇ. ಹೆಂಡತಿ ಇಬ್ಬರ ನಡುವೆ ಮಾತು ಸಾಗಿಸುತ್ತ ಬಿಸಿ ತುಪ್ಪ ಬಾಯಲ್ಲಿಟ್ಟುಕೊಂಡವಳ ಹಾಗಿದ್ದಳು.

ಬಾವಿಯ ಸುದ್ದಿ ಹೇಳಲು ಅಕ್ಕ ತಾನೇ ಬಂದಳು. ಅಡುಗೆಮನೆಯ ಬಾಗಿಲಲ್ಲಿ ನಿಂತು, ತಮ್ಮನ ಹೆಂಡತಿಯ ಹೊಟ್ಟೆ ನೋಡಿ, ಹೇಳಿದಳು: "ಈ ಬಾವಿ ನೀರು ಹುಟ್ಟೋ ಮಗೂಗೆ ಕೊಡ್ಬೇಡಿ. ನೀನೂ ಕುಡೀಬೇಡಮ್ಮ."

"ನಲವತ್ತು ವರ್ಷದಿಂದ ಕುಡೀತಿದೀವಿ," ಎಂದಳು ಅತ್ತೆ. "ಕಾಯಿಸಿ ಕೊಟ್ರಾಯ್ತು."

"ಕಾಯಿಸಿದ್ರೆ ಹೋಗೋದಲ್ಲ ಅಮ್ಮ ಇದು. ನೀರು ಆವಿಯಾದಷ್ಟೂ ಗಟ್ಟಿಯಾಗತ್ತೆ. ಹೊಲಕ್ಕೆ ಹೊಡೆದ ಸಗಣೀಲಿರೋ ನೈಟ್ರೇಟ್ ಉಪ್ಪು, ಬೆಳೆ ಹೀರಿದ್ದು ಹೀರಿ, ಮಿಕ್ಕಿದ್ದು ನೆಲಕ್ಕಿಳಿದು ಬಾವಿ ಸೇರಿದೆ. ದೊಡ್ಡವರಿಗೆ ತಕ್ಷಣಕ್ಕೆ ಏನೂ ಗೊತ್ತಾಗಲ್ಲ. ಹಸುಗೂಸಿನ ಹಾಲುಪುಡಿಗೆ ಬೆರೆಸಿದ್ರೆ ಮಗು ನೀಲಿಗಟ್ಟತ್ತೆ, ರಕ್ತ ಉಸಿರು ಹೊರಲ್ಲ."

"ಇದು ಆವತ್ತು ಬಿಟ್ಟಿದ್ರಿಂದ ಆಗಿದ್ದಾ?" ಅತ್ತೆಯ ದನಿಯಲ್ಲಿ ಆಸೆಯಂಥದ್ದೊಂದಿತ್ತು.

"ಅಲ್ಲ. ಇದು ವರ್ಷಗಳದ್ದು. ನಿಮ್ಮ ನೆಲ ಎಷ್ಟು ಕುಡೀತದೋ ಅಷ್ಟೇ ಹಸು ಇರ್ಬೇಕಿತ್ತು."

ಅತ್ತೆ ಒಲೆಯ ಕಡೆ ತಿರುಗಿದಳು. ಅಕ್ಕ ಹೋದ ಮೇಲೆ, ತಿಂಗಳಿಂದ ಆಡದಿದ್ದ ಬಾಯಿಂದ, ಅಳಿಯನನ್ನು ಕೇಳಿದಳು: "ನಮ್ಮ ನೆಲ ಎಷ್ಟು ಹಸೂದು ಕುಡೀತದಂತೆ?"

"ಅರ್ಧದಷ್ಟು ಅಂದಿದಾರೆ ಅತ್ತೆ."

"ಸರ್ಕಾರದವರ ಅರ್ಧ ಬೇಡ. ನೂರಕ್ಕಿಳಿಸಿ. ಯಾವುದು ಹೋಗ್ಬೇಕು, ಯಾವುದು ಇರ್ಬೇಕು ನಾನು ಹೇಳ್ತೀನಿ. ಅದಕ್ಕೆ ಮಾತ್ರ ಬಾಯಿ ಹಾಕ್ಬೇಡಿ."

ಲಾರಿಗಳು ಬಂದ ದಿನ ಆಕೆ ಕೊಟ್ಟಿಗೆಯ ಬಾಗಿಲಲ್ಲೇ ನಿಂತಿದ್ದಳು. ಒಂದೊಂದು ಹಸುವಿನ ಬೆನ್ನಿಗೂ ಕೈಯಿಟ್ಟು "ಹೂಂ" ಎನ್ನುವಳು, ಅದು ಹಲಗೆ ಹತ್ತುವುದು. ಕೆಲವಕ್ಕೆ "ಹೂಂ" ಬರಲು ತಡವಾಗುತ್ತಿತ್ತು. ಗಡ್ಡ ಹಗ್ಗ ಹಿಡಿದು ಬೇರೆಲ್ಲೋ ನೋಡುತ್ತಿದ್ದ. ಕರೆಯುವವರಲ್ಲಿ ಇಬ್ಬರಿಗೆ ಇನ್ನು ಕೆಲಸವಿರಲಿಲ್ಲ. ಅವರೂ ಬಂದು ನಿಂತಿದ್ದರು. ಆವತ್ತು ಬೆನ್ನ ಹಿಂದೆ ನಗುವವರು ಯಾರೂ ಇರಲಿಲ್ಲ. ಅಳಿಯ ಅವರ ಮುಖ ನೋಡಲಾರದೆ ಲಾರಿಯ ಹಲಗೆ ಎತ್ತಿ ಚಿಲಕ ಹಾಕಿದ. ತಾನು ಮಾಡಿದ್ದು ಸರಿ ಎಂದು ಅವನಿಗೆ ಗೊತ್ತಿತ್ತು. ಗೊತ್ತಿದ್ದರಿಂದ ಆ ಹೊತ್ತಿಗೆ ಏನೂ ಹಗುರಾಗಲಿಲ್ಲ.

ಕಡೆಯ ಲಾರಿ ಹೋದ ಮೇಲೆ ಪಟ್ಟಣದಿಂದ ನೀರಿನ ಗಾಡಿ ಬಂತು. ಅಕ್ಕನ ಘಟಕದ ನೀರು; ಇನ್ನು ದಿನಕ್ಕಿಷ್ಟು ಕ್ಯಾನು ಎಂದು ಗೊತ್ತು ಮಾಡಿದ್ದರು. ಅಳಿಯ ಒಂದು ಕ್ಯಾನ್ ಹೊತ್ತು ತಂದು ಅಡುಗೆಮನೆಯಲ್ಲಿಟ್ಟ. ಅತ್ತೆ ಲೋಟಕ್ಕೆ ಬಗ್ಗಿಸಿ, ಬೆಳಕಿಗೆ ಹಿಡಿದು ನೋಡಿ, ಒಂದು ಗುಟುಕು ಕುಡಿದು ಮುಖ ಕಿವುಚಿದಳು.

"ಥೂ, ಔಷಧಿ ವಾಸನೆ."

ಆಮೇಲೆ ಲೋಟ ಖಾಲಿ ಮಾಡಿದಳು. ತೊಳೆದು, ಮತ್ತೆ ತುಂಬಿ, ಮಗಳ ಕೈಗೆ ಕೊಟ್ಟಳು.

"ಕುಡಿ," ಎಂದಳು. "ಅಭ್ಯಾಸ ಆಗತ್ತೆ."